ಲಂಡನ್ನಿಗೆ ಹೋಗಿ ಬಂದ ಹುಟ್ಟುಹಬ್ಬ

ಕಳೆದ ವರ್ಷ ಒಂದು ಶುಕ್ರವಾರ. ರಾತ್ರಿ ಎಂಟು ಗಂಟೆ. ಚಪಾತಿ ಲಟ್ಟಿಸುತ್ತಾ ನಿಂತಿದ್ದೆ. ಮಗನ ಶಾಲೆಯ ಪಿ.ಟಿ. ಮೇಷ್ಟ್ರ ಫೋನ್ ಬಂತು.

"ಮೇಡಂ, ನೀವು ಮಾಡಿಕೊಟ್ಟ ಪ್ರೋಗ್ರಾಮ್‌ನಲ್ಲಿ ಏನೋ ಎಡವಟ್ಟಾಗಿದೆ. ನಮ್ಮ ಖೋ ಖೋ ತಂಡದ ಒಳ್ಳೇ ಆಟಗಾರ್ತಿಯೇ ಪಟ್ಟಿಯಿಂದ ಹೊರಗೆ ಬಿದ್ದಿದ್ದಾಳೆ. ನಾಳೆ ಬೆಳಿಗ್ಗೆ ಹತ್ತರೊಳಗೆ ಪಟ್ಟಿ ಕೊಡಬೇಕು."

ನಾನು ವಿಂಡೋಸ್ ಕಂಪ್ಯೂಟರ್‌ಗಳಿಗೆ ಪ್ರೋಗ್ರಾಮ್ ಬರೆಯುವವಳು. ಮೇಷ್ಟ್ರು ಕೈಯಲ್ಲಿ ಪಟ್ಟಿ ಬರೆದು ಬರೆದು ಸುಸ್ತಾಗುವುದನ್ನು ನೋಡಲಾರದೆ, ಮಕ್ಕಳ ಹೆಸರು, ತರಗತಿ, ಹುಟ್ಟಿದ ದಿನ ಇಟ್ಟುಕೊಳ್ಳುವ ಪುಟ್ಟದೊಂದು ಪ್ರೋಗ್ರಾಮ್ ಬರೆದುಕೊಟ್ಟಿದ್ದೆ. ಯಾವ ಪಂದ್ಯಕ್ಕೆ ಯಾರಿಗೆ ವಯಸ್ಸು ಸರಿಹೊಂದುತ್ತದೆ ಎಂದು ಅದೇ ಆರಿಸಿ ಪಟ್ಟಿ ಮುದ್ರಿಸುತ್ತಿತ್ತು. ಈ ಸಲದ ನಿಯಮ: 2011ರ ಜನವರಿ 1ರಂದು ಅಥವಾ ಆಮೇಲೆ ಹುಟ್ಟಿದವರು ಮಾತ್ರ ಆಡಬಹುದು. ಆ ಹುಡುಗಿ ಹುಟ್ಟಿದ್ದು ಸರಿಯಾಗಿ 2011ರ ಜನವರಿ 1ರಂದು. ಅವಳ ಅಮ್ಮ ಜನನ ಪ್ರಮಾಣಪತ್ರ ಹಿಡಿದು ಶಾಲೆಗೆ ಬಂದಿದ್ದರಂತೆ. ನನ್ನ ಪಟ್ಟಿ ಮಾತ್ರ ಅವಳು 2010ರ ಡಿಸೆಂಬರ್ 31ರಂದು ಹುಟ್ಟಿದಳು ಎನ್ನುತ್ತಿತ್ತು!

ಚಪಾತಿಯ ಕೆಲಸ ಅತ್ತೆಗೆ ಒಪ್ಪಿಸಿ ಕಂಪ್ಯೂಟರ್ ಮುಂದೆ ಕೂತೆ.

ಮಸಾಲೆ ಡಬ್ಬಿಯ ಹಾಗೆ

ಮಕ್ಕಳೇ, ಕಂಪ್ಯೂಟರ್ ಪ್ರೋಗ್ರಾಮ್ ಬರೆಯುವವರು ಎಲ್ಲವನ್ನೂ ತಾವೇ ಬರೆಯುವುದಿಲ್ಲ. ಸಾರು ಮಾಡುವಾಗಲೆಲ್ಲ ಅಮ್ಮ ಕೊತ್ತಂಬರಿ ಹುರಿದು ಪುಡಿ ಮಾಡುತ್ತಾ ಕೂರುತ್ತಾರೆಯೇ? ಒಮ್ಮೆ ಮಾಡಿ ಡಬ್ಬಿಯಲ್ಲಿಟ್ಟ ಸಾರಿನ ಪುಡಿಯನ್ನು ಬೇಕಾದಾಗ ಒಂದು ಚಮಚ ತೆಗೆದು ಹಾಕುತ್ತಾರೆ. ಹಾಗೆಯೇ ವಿಂಡೋಸ್‌ನಲ್ಲಿ ಬೇರೆಯವರು ಬರೆದಿಟ್ಟ ಸಿದ್ಧ ಲೆಕ್ಕಾಚಾರಗಳ ಡಬ್ಬಿಗಳಿವೆ. ಇವಕ್ಕೆ ಲೈಬ್ರರಿ ಎಂದು ಹೆಸರು. ಅವುಗಳಲ್ಲಿ ಮುಖ್ಯವಾದದ್ದು 'ಕರ್ನೆಲ್ 32'. ದಿನಾಂಕ ಮತ್ತು ಸಮಯವನ್ನು ಒಂದು ರೂಪದಿಂದ ಇನ್ನೊಂದಕ್ಕೆ ಬದಲಿಸುವ ಕೆಲಸಗಳೂ ಅದರಲ್ಲಿವೆ.

ಬದಲಿಸುವುದು ಏಕೆ? ನಮಗೆ "2011, ಜನವರಿ 1, ಶನಿವಾರ" ಎಂದರೆ ಅರ್ಥವಾಗುತ್ತದೆ. ಕಂಪ್ಯೂಟರ್‌ಗೆ ಒಂದೇ ಒಂದು ದೊಡ್ಡ ಸಂಖ್ಯೆಯಾದರೆ ಸುಲಭ. ಎರಡು ಸಂಖ್ಯೆ ಕಳೆದರೆ ನಡುವೆ ಎಷ್ಟು ಕಾಲವಾಯಿತು ಎಂದು ತಕ್ಷಣ ತಿಳಿಯುತ್ತದೆ. ಹಾಗಾಗಿ ವಿಂಡೋಸ್ ಒಂದು ಗೊತ್ತಾದ ಕ್ಷಣದಿಂದ ಎಣಿಸುತ್ತಾ ಬರುತ್ತದೆ. ಆ ಕ್ಷಣ ಯಾವುದು ಗೊತ್ತೇ? 1601ರ ಜನವರಿ 1! ಎಣಿಸುವುದು ಸೆಕೆಂಡುಗಳನ್ನಲ್ಲ. ಒಂದು ಸೆಕೆಂಡನ್ನು ಒಂದು ಕೋಟಿ ಭಾಗ ಮಾಡಿ, ಆ ಭಾಗಗಳನ್ನು ಎಣಿಸುತ್ತದೆ. ಈ ಸಂಖ್ಯೆಗೆ 'ಫೈಲ್ ಟೈಮ್' ಎಂದು ಹೆಸರು. ವರ್ಷ, ತಿಂಗಳು, ದಿನ, ಗಂಟೆ ಎಂದು ಬಿಡಿಸಿಟ್ಟ ರೂಪಕ್ಕೆ 'ಸಿಸ್ಟಮ್ ಟೈಮ್' ಎಂದು ಹೆಸರು. ಇದರಲ್ಲಿ ಕ್ರಿ.ಶ. 30,827ನೆಯ ವರ್ಷದವರೆಗೂ ಬರೆಯಬಹುದು!

1601 ಏಕೆ?

ಆ ವರ್ಷ ಕಂಪ್ಯೂಟರ್ ಎಲ್ಲಿತ್ತು ಎಂದು ನಗಬೇಡಿ. ಈಗ ನಾವು ಬಳಸುವ ಗ್ರೆಗೋರಿಯನ್ ಕ್ಯಾಲೆಂಡರ್ 400 ವರ್ಷಕ್ಕೊಮ್ಮೆ ಒಂದು ಸುತ್ತು ಮುಗಿಸುತ್ತದೆ. ನಾಲ್ಕರಿಂದ ಭಾಗವಾಗುವ ವರ್ಷ ಅಧಿಕ ವರ್ಷ. ಆದರೆ 1700, 1800, 1900ರಂಥ ನೂರರ ವರ್ಷಗಳು 400ರಿಂದಲೂ ಭಾಗವಾದರೆ ಮಾತ್ರ ಅಧಿಕ ವರ್ಷ. ಹೀಗೆ 400 ವರ್ಷದಲ್ಲಿ 97 ಅಧಿಕ ವರ್ಷಗಳು, ಒಟ್ಟು 1,46,097 ದಿನಗಳು. ಏಳರಿಂದ ಭಾಗಿಸಿ ನೋಡಿ, ಶೇಷ ಉಳಿಯುವುದಿಲ್ಲ! ಆದ್ದರಿಂದ ಸುತ್ತು ಮುಗಿದ ಮೇಲೆ ವಾರಗಳೂ ಮೊದಲಿನಂತೆಯೇ ಬರುತ್ತವೆ. ಈ ಲೆಕ್ಕದಲ್ಲಿ 1601ರ ಜನವರಿ 1 ಸೋಮವಾರ, 2001ರ ಜನವರಿ 1 ಕೂಡ ಸೋಮವಾರ. ವಿಂಡೋಸ್ ಎನ್‌ಟಿ ರೂಪುಗೊಳ್ಳುವಾಗ ನಡೆಯುತ್ತಿದ್ದ ಸುತ್ತಿನ ಮೊದಲ ದಿನವನ್ನೇ ಎಣಿಕೆಗೆ ಆರಿಸಿಕೊಂಡರು. ಲೆಕ್ಕ ಸರಳವಾಯಿತು.

ಯುನಿಕ್ಸ್ ಎಂಬ ಇನ್ನೊಂದು ಬಗೆಯ ವ್ಯವಸ್ಥೆ 1970ರ ಜನವರಿ 1ರಿಂದ ಎಣಿಸುತ್ತದೆ. ಎರಡರ ನಡುವಿನ ಅಂತರ 1,34,774 ದಿನ. ಒಂದರಿಂದ ಇನ್ನೊಂದಕ್ಕೆ ಹೋಗುವಾಗ ಅಷ್ಟನ್ನು ಕೂಡಬೇಕು, ಇಲ್ಲವೇ ಕಳೆಯಬೇಕು.

ಹೀಗೆ ಎಣಿಸುವುದು ನಮ್ಮ ಹಿರಿಯರಿಗೂ ಗೊತ್ತಿತ್ತು. ಕಲಿಯುಗ ಕ್ರಿ.ಪೂ. 3102ರಲ್ಲಿ ಆರಂಭವಾಯಿತೆಂದು ಇಟ್ಟುಕೊಂಡು, ಅಲ್ಲಿಂದ ಕಳೆದ ದಿನಗಳನ್ನು ಜ್ಯೋತಿರ್ಗಣಿತದವರು ಎಣಿಸುತ್ತಿದ್ದರು. ಅದಕ್ಕೆ 'ಅಹರ್ಗಣ' ಎಂದು ಹೆಸರು.

ಅತ್ತೆಯ ಪ್ರಶ್ನೆ

ಒಂಬತ್ತೂವರೆಯಾದರೂ ತಪ್ಪು ಸಿಗಲಿಲ್ಲ. ಕಂಪ್ಯೂಟರ್ ಪರದೆಯಲ್ಲಿ ಹುಡುಗಿಯ ಹುಟ್ಟಿದ ದಿನ ಜನವರಿ 1 ಎಂದು ಸರಿಯಾಗಿಯೇ ಕಾಣುತ್ತಿತ್ತು. ಮುದ್ರಿಸಿದ ಪಟ್ಟಿಯಲ್ಲಿ ಮಾತ್ರ ಡಿಸೆಂಬರ್ 31. ತಟ್ಟೆ ತಂದಿಟ್ಟ ಅತ್ತೆ, "ಏನಮ್ಮ ಅದು, ಅಷ್ಟು ತಲೆ ಕೆಡಿಸಿಕೊಂಡಿದ್ದೀಯ?" ಎಂದರು. ಹೇಳಿದೆ. ಅವರು ಗೋಡೆಯ ಪಂಚಾಂಗದತ್ತ ಕೈ ತೋರಿಸಿ, "ತಿಥಿ ನೋಡುವಾಗ ನಾವು ಮೊದಲು ಕೇಳೋದು, ಯಾವ ಊರಿನ ಸೂರ್ಯೋದಯ ಅಂತ. ನಿನ್ನ ಕಂಪ್ಯೂಟರ್ ಯಾವ ಊರಿನ ಲೆಕ್ಕ ಹಿಡಿದಿದೆ?" ಎಂದರು.

ತುತ್ತು ಕೈಯಲ್ಲೇ ಉಳಿಯಿತು. ತಪ್ಪು ಇದ್ದದ್ದೇ ಅಲ್ಲಿ!

ಫೈಲ್ ಟೈಮ್ ಎಣಿಸುವುದು ನಮ್ಮೂರಿನ ಸಮಯವನ್ನಲ್ಲ, 'ಯುಟಿಸಿ' ಎಂಬ ಜಗತ್ತಿನ ಸಾಮಾನ್ಯ ಸಮಯವನ್ನು. ಅದು ಲಂಡನ್ನಿನ ಗ್ರೀನಿಚ್‌ನ ಸಮಯಕ್ಕೆ ಹೊಂದಿಕೊಂಡಿದೆ. ಭಾರತದ ಸಮಯವನ್ನು ಮಿರ್ಜಾಪುರದ ಬಳಿ ಹಾದುಹೋಗುವ ಎಂಬತ್ತೆರಡೂವರೆ ಡಿಗ್ರಿ ಪೂರ್ವ ರೇಖಾಂಶಕ್ಕೆ ಹೊಂದಿಸಿದ್ದಾರೆ. 15 ಡಿಗ್ರಿಗೆ ಒಂದು ಗಂಟೆಯಂತೆ ಲೆಕ್ಕ ಹಾಕಿ: ಐದೂವರೆ ಗಂಟೆ. ನಾವು ಅಷ್ಟು ಮುಂದೆ.

ಮೇಷ್ಟ್ರು "ಜನವರಿ 1" ಎಂದು ಒತ್ತಿದಾಗ ನನ್ನ ಪ್ರೋಗ್ರಾಮ್ ಅದನ್ನು ಆ ದಿನದ ರಾತ್ರಿ ಹನ್ನೆರಡು ಗಂಟೆ ಎಂದು ತಿಳಿದು, ಐದೂವರೆ ಗಂಟೆ ಕಳೆದು, ಯುಟಿಸಿಯಲ್ಲಿ ಇಟ್ಟಿತು. ಅಂದರೆ ಡಿಸೆಂಬರ್ 31ರ ಸಂಜೆ ಆರೂವರೆ! ಹಿಂದಕ್ಕೆ ತೆಗೆಯುವಾಗ ಐದೂವರೆ ಗಂಟೆ ಮತ್ತೆ ಕೂಡಬೇಕು. ಪರದೆಗೆ ತೋರಿಸುವ ಭಾಗದಲ್ಲಿ ಕೂಡಿದ್ದೆ. ಪಟ್ಟಿ ಮಾಡುವ ಭಾಗದಲ್ಲಿ 'ಫೈಲ್ ಟೈಮ್ ಟು ಸಿಸ್ಟಮ್ ಟೈಮ್' ಎಂಬ ಕೆಲಸವನ್ನಷ್ಟೇ ಕರೆದಿದ್ದೆ. ಅದು ಸಂಖ್ಯೆಯನ್ನು ದಿನಾಂಕವಾಗಿ ಬಿಡಿಸುತ್ತದೆಯೇ ಹೊರತು ಊರಿನ ಸಮಯಕ್ಕೆ ತರುವುದಿಲ್ಲ. ಅದಕ್ಕೆ ಬೇರೆಯೇ ಕೆಲಸವಿದೆ. ಅದನ್ನು ಕರೆಯಲು ಮರೆತಿದ್ದೆ. ಡಬ್ಬಿ ಸರಿಯಾಗಿತ್ತು, ಚಮಚ ಹಾಕಿದವಳು ನಾನು!

ಇನ್ನೊಂದು ವಿಷಯ ಆಗ ಹೊಳೆದು ಮೈ ಬೆವರಿತು. ತಪ್ಪಾಗಿದ್ದು ಅವಳೊಬ್ಬಳದ್ದಲ್ಲ. ಪಟ್ಟಿಯಲ್ಲಿದ್ದ ಎಲ್ಲ ಮಕ್ಕಳ ಹುಟ್ಟಿದ ದಿನವೂ ಒಂದೊಂದು ದಿನ ಹಿಂದೆ ಹೋಗಿತ್ತು. ಉಳಿದವರಿಗೆ ಒಂದು ದಿನದಿಂದ ಏನೂ ವ್ಯತ್ಯಾಸವಾಗದ ಕಾರಣ ಯಾರೂ ಗಮನಿಸಿರಲಿಲ್ಲ. ಗೆರೆಯ ಮೇಲೆ ನಿಂತಿದ್ದ ಹುಡುಗಿಗೆ ಮಾತ್ರ ಪೆಟ್ಟು ಬಿತ್ತು.

ದೊಡ್ಡವರೂ ಎಡವಿದ್ದಾರೆ

ದಿನಾಂಕದ ಲೆಕ್ಕದಲ್ಲಿ ಎಡವಿದವಳು ನಾನೊಬ್ಬಳೇ ಅಲ್ಲ. ಮೈಕ್ರೋಸಾಫ್ಟ್‌ನ 'ಜೂನ್' ಎಂಬ ಹಾಡು ಕೇಳುವ ಸಾಧನವೊಂದಿತ್ತು. 2008ರ ಡಿಸೆಂಬರ್ 31ರಂದು ಅದರ 30 ಜಿಬಿ ಮಾದರಿಗಳು ಎಲ್ಲೆಡೆ ಒಟ್ಟಿಗೆ ಸ್ತಬ್ಧವಾದವು. ಅದರೊಳಗೆ ದಿನಗಳ ಎಣಿಕೆಯನ್ನು ವರ್ಷಕ್ಕೆ ಬದಲಿಸುವ ಒಂದು ತುಣುಕು ಇತ್ತು. "ದಿನಗಳು 365ಕ್ಕಿಂತ ಹೆಚ್ಚಿರುವವರೆಗೆ ಕಳೆಯುತ್ತಾ ಹೋಗು, ಅಧಿಕ ವರ್ಷವಾದರೆ, 366ಕ್ಕಿಂತ ಹೆಚ್ಚಿದ್ದಾಗ ಮಾತ್ರ ಕಳೆ" ಎಂಬುದು ಅದರ ಆಜ್ಞೆ. 2008 ಅಧಿಕ ವರ್ಷ. ಅಂದು ಸರಿಯಾಗಿ 366ನೆಯ ದಿನ. 365ಕ್ಕಿಂತ ಹೆಚ್ಚು, ಆದ್ದರಿಂದ ನಿಲ್ಲುವಂತಿಲ್ಲ. 366ಕ್ಕಿಂತ ಹೆಚ್ಚಲ್ಲ, ಆದ್ದರಿಂದ ಕಳೆಯುವಂತಿಲ್ಲ. ಪಾಪ, ಗಾಣದೆತ್ತಿನಂತೆ ಸುತ್ತುತ್ತಲೇ ಇತ್ತು! ಮರುದಿನ ಜನವರಿ 1 ಬಂದ ಮೇಲಷ್ಟೇ ಸರಿಹೋಯಿತು.

ನೀವೇ ಮಾಡಿ ನೋಡಿ

ಮನೆಯಲ್ಲಿ ವಿಂಡೋಸ್ ಕಂಪ್ಯೂಟರ್ ಇದ್ದರೆ ದೊಡ್ಡವರನ್ನು ಕೇಳಿ ಎರಡು ಆಟ ಆಡಿ.

ಒಂದು: ಎಕ್ಸೆಲ್‌ನ ಒಂದು ಚೌಕದಲ್ಲಿ 60 ಎಂದು ಬರೆದು, ಅದನ್ನು ದಿನಾಂಕದ ರೂಪಕ್ಕೆ ಬದಲಿಸಿ. 1900ರ ಫೆಬ್ರುವರಿ 29 ಎಂದು ಬರುತ್ತದೆ. ಅಂಥ ದಿನವೇ ಇರಲಿಲ್ಲ! ಏಕೆಂದು ಮೇಲಿನ ನಿಯಮ ನೋಡಿ ಹೇಳಿ. ಹಿಂದೆ 'ಲೋಟಸ್ 1-2-3' ಎಂಬ ಪ್ರೋಗ್ರಾಮ್‌ನಲ್ಲಿದ್ದ ತಪ್ಪು ಇದು. ಅದರ ಕಡತಗಳ ಜೊತೆ ಹೊಂದಿಕೊಳ್ಳಲೆಂದು ಎಕ್ಸೆಲ್ ಕೂಡ ಹಾಗೆಯೇ ಇಟ್ಟುಕೊಂಡಿತು.

ಎರಡು: ವಿಂಡೋಸ್‌ನ ಸಮಯವಲಯಗಳ ಪಟ್ಟಿ ತೆರೆದು ಭಾರತವನ್ನು ಹುಡುಕಿ. ಚೆನ್ನೈ, ಕೋಲ್ಕತ್ತ, ಮುಂಬೈ, ನವದೆಹಲಿ ಎಂದಿರುತ್ತದೆ. ನಮ್ಮ ಬೆಂಗಳೂರಿನ ಹೆಸರಿಲ್ಲ. ಆದರೂ ಗಡಿಯಾರ ನಮಗೂ ಅದೇ!

ರಾತ್ರಿ ಹನ್ನೊಂದಕ್ಕೆ ಪ್ರೋಗ್ರಾಮ್ ಸರಿಹೋಯಿತು. ಐದೂವರೆ ಗಂಟೆ ಕೂಡಿ ಬಿಡಲಿಲ್ಲ. ಹುಟ್ಟಿದ ದಿನಕ್ಕೆ ಗಂಟೆಯ ಗೊಡವೆಯೇ ಬೇಡವೆಂದು ವರ್ಷ, ತಿಂಗಳು, ದಿನ ಮೂರನ್ನೇ ಬರೆದಿಟ್ಟೆ. ಫೋನ್ ಬಂದ ಕ್ಷಣಕ್ಕೋ ರೈಲು ಹೊರಟ ಕ್ಷಣಕ್ಕೋ ಯುಟಿಸಿ ಬೇಕು. ಹುಟ್ಟುಹಬ್ಬ ಹಾಗಲ್ಲ. ಅದು ಯಾವ ಊರಿಗೆ ಹೋದರೂ ಅದೇ ದಿನ.

ಬೆಳಿಗ್ಗೆ ನಾನೇ ಶಾಲೆಗೆ ಹೋಗಿ ಹೊಸ ಪಟ್ಟಿ ಕೊಟ್ಟೆ. ಪ್ರತಿ ಮಗುವಿನ ದಿನವನ್ನೂ ದಾಖಲಾತಿ ಪುಸ್ತಕದ ಜೊತೆ ಮೇಷ್ಟ್ರೂ ನಾನೂ ತಾಳೆ ನೋಡಿದೆವು. ಆ ಹುಡುಗಿ ಬಾಗಿಲ ಬಳಿ ನಿಂತಿದ್ದಳು. ಅತ್ತ ಗುರುತು ಕಣ್ಣಲ್ಲಿ ಇನ್ನೂ ಇತ್ತು. "ತಪ್ಪು ನಂದು ಪುಟ್ಟಾ, ನಿಂದಲ್ಲ" ಎಂದೆ.

"ಹಾಗಾದ್ರೆ ನನ್ನ ಹುಟ್ಟುಹಬ್ಬ ಎಲ್ಲಿಗೆ ಹೋಗಿತ್ತು ಆಂಟಿ?"

"ಲಂಡನ್ನಿಗೆ ಹೋಗಿತ್ತು. ನಿನ್ನೆ ರಾತ್ರಿ ವಾಪಸ್ ಕರ್ಕೊಂಡು ಬಂದೆ."

ಅವಳು ನಕ್ಕು ಮೈದಾನಕ್ಕೆ ಓಡಿದಳು. ತಂಡ ಎರಡನೆಯ ಸುತ್ತಿನಲ್ಲಿ ಸೋತಿತು. ಆದರೆ ಅವಳು ಆಡಿದಳು. ನನಗೆ ಅಷ್ಟೇ ಬೇಕಿತ್ತು.