ಕಲಾಸವರ್ಣ

30 ಗುಂಟೆಯ ಹೊಲವೊಂದರಲ್ಲಿ ರೈತನೊಬ್ಬನಿಗೆ ಪಿತ್ರಾರ್ಜಿತವಾಗಿ ಅರ್ಧ ಭಾಗ ಬಂದಿದೆ. ಅದೇ ಹೊಲದ ಮೂರನೆಯ ಒಂದು ಭಾಗವನ್ನು ಅವನು ದಾಯಾದಿಯಿಂದ ಕ್ರಯಕ್ಕೆ ಪಡೆದಿದ್ದಾನೆ. ಅವನ ಒಟ್ಟು ಪಾಲೆಷ್ಟು? ಅಂಶಕ್ಕೆ ಅಂಶವನ್ನೂ ಛೇದಕ್ಕೆ ಛೇದವನ್ನೂ ಕೂಡಿಸಿ 2/5 ಎಂದು ಬರೆದುಬಿಡುವ ವಿದ್ಯಾರ್ಥಿಗಳು ಉಂಟು. ಆ ಲೆಕ್ಕದಂತೆ ರೈತನಿಗೆ ಸಲ್ಲುವುದು 12 ಗುಂಟೆ. ಕ್ರಯಕ್ಕೆ ಕೊಳ್ಳುವ ಮುನ್ನವೇ ಅವನಲ್ಲಿ 15 ಗುಂಟೆ ಇದ್ದಿತಷ್ಟೆ! ಹಣ ತೆತ್ತು ನೆಲ ಕಳೆದುಕೊಂಡಂತಾಯಿತು ಅವನ ಪಾಡು.

ಭಿನ್ನರಾಶಿಯಲ್ಲಿ ಅಂಶವು ತುಂಡುಗಳ ಎಣಿಕೆಯನ್ನು ಹೇಳುತ್ತದೆ. ಛೇದವು ತುಂಡಿನ ಗಾತ್ರವನ್ನು ಸೂಚಿಸುತ್ತದೆ. ಗಾತ್ರಗಳು ಬೇರೆಯಾಗಿರುವಾಗ ಎಣಿಕೆಗಳನ್ನು ಕೂಡಿಸುವುದು ಅರ್ಥಹೀನ. ಎರಡು ಸೇರು ಅಕ್ಕಿಗೆ ಮೂರು ಪಾವು ಅಕ್ಕಿಯನ್ನು ಸುರಿದರೆ ಐದು ಸೇರಾಗುವುದಿಲ್ಲ, ಐದು ಪಾವೂ ಆಗುವುದಿಲ್ಲ. ಆದುದರಿಂದ ಅರ್ಧವನ್ನು 3/6 ಎಂದೂ ಮೂರನೆಯ ಒಂದು ಭಾಗವನ್ನು 2/6 ಎಂದೂ ಮಾರ್ಪಡಿಸಿಕೊಳ್ಳಬೇಕು. ಬೆಲೆ ಬದಲಾಗಲಿಲ್ಲ, ತುಂಡುಗಳು ಮಾತ್ರ ಸಮನಾದವು. ಈಗ ಕೂಡಿಸಿದರೆ 5/6, ಅಂದರೆ 25 ಗುಂಟೆ.

ಈ ಮಾರ್ಪಾಟಿಗೆ ನಮ್ಮ ಪ್ರಾಚೀನ ಗಣಿತಜ್ಞರು ‘ಕಲಾಸವರ್ಣ’ವೆಂಬ ಸೊಗಸಾದ ಹೆಸರನ್ನಿತ್ತಿದ್ದಾರೆ. ಕಲೆಯೆಂದರೆ ಭಾಗ, ಚಂದ್ರನ ಹದಿನಾರು ಕಲೆಗಳೆಂಬಲ್ಲಿಯೂ ಅದೇ ಅರ್ಥ. ಸವರ್ಣವೆಂದರೆ ಒಂದೇ ಬಗೆಯದು. ಭಾಗಗಳನ್ನು ಒಂದೇ ಬಗೆಗೆ ತರುವುದೇ ಕಲಾಸವರ್ಣ. ರಾಷ್ಟ್ರಕೂಟ ಚಕ್ರವರ್ತಿ ಅಮೋಘವರ್ಷ ನೃಪತುಂಗನ ಕಾಲದಲ್ಲಿ, ಸುಮಾರು ಕ್ರಿ.ಶ. 850ರಲ್ಲಿ, ಮಹಾವೀರಾಚಾರ್ಯನು ಸಂಸ್ಕೃತದಲ್ಲಿ ರಚಿಸಿದ ‘ಗಣಿತಸಾರಸಂಗ್ರಹ’ದಲ್ಲಿ ಒಂದು ಅಧ್ಯಾಯಕ್ಕೆ ಇದೇ ಹೆಸರಿದೆ.

ಛೇದಗಳನ್ನು ಪರಸ್ಪರ ಗುಣಿಸಿದರೆ ಸಮಚ್ಛೇದ ದೊರೆಯುವುದೇನೋ ನಿಜ. ಆದರೆ ಸಂಖ್ಯೆಗಳು ಅನಾವಶ್ಯಕವಾಗಿ ಹಿಗ್ಗುತ್ತವೆ. 7/12ರಿಂದ 5/18ನ್ನು ಕಳೆಯಬೇಕಾಗಿದೆಯೆಂದುಕೊಳ್ಳೋಣ. ಗುಣಿಸುವ ಕ್ರಮದಲ್ಲಿ ಛೇದ 216. ಕಳೆದಾಗ 66/216 ಬರುತ್ತದೆ, ಅದನ್ನು ಮತ್ತೆ ಸಂಕ್ಷೇಪಿಸಬೇಕು. ಮಹಾವೀರನು ಈ ಶ್ರಮವನ್ನು ತಪ್ಪಿಸಿದನು. ಛೇದಗಳ ಸಾಮಾನ್ಯ ಅಪವರ್ತನಗಳನ್ನು ತೆಗೆದು, ಅವನ್ನೂ ಉಳಿದ ಭಾಗಲಬ್ಧಗಳನ್ನೂ ಗುಣಿಸುವುದು ಅವನ ವಿಧಾನ. 12 ಮತ್ತು 18ಕ್ಕೆ ಸಾಮಾನ್ಯವಾದುದು 6, ಭಾಗಲಬ್ಧಗಳು 2 ಮತ್ತು 3, ಗುಣಲಬ್ಧ 36. ಇದನ್ನು ಅವನು ‘ನಿರುದ್ಧ’ವೆಂದು ಕರೆದನು; ಇಂದಿನ ಶಾಲೆಗಳಲ್ಲಿ ಇದು ಲಘುತಮ ಸಾಮಾನ್ಯ ಅಪವರ್ತ್ಯ. 36ನ್ನು 12ರಿಂದ ಭಾಗಿಸಿದರೆ 3, 18ರಿಂದ ಭಾಗಿಸಿದರೆ 2. ಆಯಾ ಭಿನ್ನರಾಶಿಯ ಅಂಶ ಛೇದಗಳೆರಡನ್ನೂ ಇವುಗಳಿಂದ ಗುಣಿಸಿದಾಗ 21/36 ಮತ್ತು 10/36 ಆಗುತ್ತವೆ. ವ್ಯತ್ಯಾಸ 11/36.

ಕೂಡಿಸುವುದಕ್ಕೆ ವಿಲೋಮವಾದ ವಿನೋದವೂ ಅವನ ಗ್ರಂಥದಲ್ಲಿದೆ: ಒಂದನ್ನು, ಅಂಶದಲ್ಲಿ ಒಂದೇ ಇರುವ ಭಿನ್ನರಾಶಿಗಳಾಗಿ ಒಡೆಯುವುದು. ಅವನ ಸೂತ್ರದಂತೆ ನಾಲ್ಕು ಭಾಗ ಮಾಡಿದರೆ 1/2, 1/3, 1/9, 1/18 ದೊರೆಯುತ್ತವೆ. ಇವುಗಳ ನಿರುದ್ಧ 18. ಸವರ್ಣಗೊಳಿಸಿದಾಗ ಅಂಶಗಳು 9, 6, 2, 1. ಕೂಡಿದರೆ ಸರಿಯಾಗಿ ಹದಿನೆಂಟು.