ಅಂಚಿನಲ್ಲಿ ಒಂದು ನಕ್ಷತ್ರ

ಕ್ರಿಸ್ತಪೂರ್ವ ಎರಡನೆಯ ಶತಮಾನದಲ್ಲಿ ಅಲೆಕ್ಸಾಂಡ್ರಿಯಾ ನಗರದ ಗ್ರಂಥಭಂಡಾರಕ್ಕೆ ಅಧ್ಯಕ್ಷನಾಗಿದ್ದ ಅರಿಸ್ಟಾರ್ಕಸನು ಹೋಮರನ ಕಾವ್ಯಗಳನ್ನು ಪರಿಷ್ಕರಿಸಲು ತೊಡಗಿದಾಗ, ನಾನಾ ಕಡೆಗಳಿಂದ ಬಂದ ಪ್ರತಿಗಳು ಒಂದಕ್ಕೊಂದು ಹೊಂದದೆ, ಒಂದರಲ್ಲಿದ್ದ ಪಂಕ್ತಿ ಮತ್ತೊಂದರಲ್ಲಿ ಕಾಣದೆ, ಕವಿಯ ನುಡಿ ಯಾವುದು, ಹಾಡಿದವರೂ ಬರೆದವರೂ ಬೆರೆಸಿದ ನುಡಿ ಯಾವುದು ಎಂಬುದನ್ನು ವಿವೇಚಿಸುವ ಹೊಣೆ ಆತನ ಮೇಲೆ ಬಿದ್ದಿತು. ಸಂದೇಹ ತೋರಿದ ಪಂಕ್ತಿಯನ್ನು ಕಿತ್ತೊಗೆಯುವುದು ಸುಲಭವಾದ ದಾರಿ. ಆತನು ಬಹುಮಟ್ಟಿಗೆ ಅದನ್ನು ಹಿಡಿಯದೆ, ಪಂಕ್ತಿಯನ್ನು ಇದ್ದೆಡೆಯಲ್ಲಿಯೇ ಇರಗೊಟ್ಟು, ಅದರ ಅಂಚಿನಲ್ಲಿ ಒಂದು ಗುರುತನ್ನು ಮಾತ್ರ ಇರಿಸಿದನು. ಪ್ರಕ್ಷಿಪ್ತವೆಂದು ತೋರಿದುದಕ್ಕೆ ಆತನ ಪೂರ್ವಾಧಿಕಾರಿಯಾದ ಜೆನೊಡೋಟಸನು ಬಳಕೆಗೆ ತಂದಿದ್ದ ಅಡ್ಡಗೆರೆ. ಬೇರೆಡೆಯಲ್ಲಿಯೂ ಪುನರುಕ್ತವಾಗಿದ್ದು ಇಲ್ಲಿ ಉಚಿತವಾಗಿಯೇ ಇರುವ ಪಂಕ್ತಿಗೆ ನಕ್ಷತ್ರ. ಪುನರುಕ್ತವಾಗಿದ್ದು ಇಲ್ಲಿ ಅನುಚಿತವೆನಿಸಿದರೆ ನಕ್ಷತ್ರದೊಡನೆ ಅಡ್ಡಗೆರೆ. ಅಂದಿನ ನಕ್ಷತ್ರವು ಇಂದು ಅಚ್ಚಿನಲ್ಲಿ ಕಾಣುವಂಥದಲ್ಲ: ಓರೆಯಾಗಿ ಹಾದ ಎರಡು ಗೆರೆಗಳು, ಅವುಗಳ ನಾಲ್ಕು ಸಂದುಗಳಲ್ಲಿ ನಾಲ್ಕು ಚುಕ್ಕೆಗಳು (※).

ವಿದ್ವತ್ತಿನ ಇತಿಹಾಸದಲ್ಲಿ ಇದಕ್ಕಿಂತ ಉದಾರವಾದ ಸಂಪ್ರದಾಯಗಳು ವಿರಳವೆಂದೇ ನನ್ನ ಎಣಿಕೆ. ತನ್ನ ತೀರ್ಪನ್ನು ಹೇಳಿಯೂ, ಆ ತೀರ್ಪನ್ನು ಒಪ್ಪದವನಿಗೆ ಬೇಕಾದ ಸಾಮಗ್ರಿಯನ್ನು ಅದೇ ಪುಟದಲ್ಲಿ ಉಳಿಸಿಕೊಡುವ ಪಂಡಿತನು, ಮುಂದಿನ ಓದುಗರನ್ನು ತನ್ನ ಸಮಾನರೆಂದು ಭಾವಿಸಿದ್ದಾನೆ. ವೆನಿಸ್ ನಗರದ ಮಾರ್ಚಿಯಾನಾ ಗ್ರಂಥಾಲಯದಲ್ಲಿರುವ ಹತ್ತನೆಯ ಶತಮಾನದ ಇಲಿಯಡ್ ಹಸ್ತಪ್ರತಿಯನ್ನು ಅದರ ಅಂಚಿನ ಟಿಪ್ಪಣಿಗಳೊಡನೆ ಫ್ರೆಂಚ್ ವಿದ್ವಾಂಸ ವಿಲ್ವಾಜ಼ೊನನು 1788ರಲ್ಲಿ ಪ್ರಕಟಿಸಿದಾಗ, ಅರಿಸ್ಟಾರ್ಕಸನು ಎಲ್ಲೆಲ್ಲಿ ಶಂಕಿಸಿದ್ದನು, ಏಕೆ ಶಂಕಿಸಿದ್ದನು ಎಂಬುದು ಯೂರೋಪಿಗೆ ವಿಶದವಾಗಿ ತಿಳಿಯಿತು.

ಇದೇ ಚಿಹ್ನೆಗಳನ್ನು ಕ್ರಿ.ಶ. ಮೂರನೆಯ ಶತಮಾನದಲ್ಲಿ ಒರಿಜನ್ ಎಂಬ ಕ್ರೈಸ್ತ ಪಂಡಿತನು ಇನ್ನೂ ದೊಡ್ಡ ಕಾರ್ಯಕ್ಕೆ ಬಳಸಿದನು. ಬೈಬಲ್ಲಿನ ಹಳೆಯ ಒಡಂಬಡಿಕೆಯ ಹೀಬ್ರೂ ಮೂಲ, ಗ್ರೀಕ್ ಅಕ್ಷರಗಳಲ್ಲಿ ಅದರ ಉಚ್ಚಾರಣೆ, ಮತ್ತು ನಾಲ್ಕು ಗ್ರೀಕ್ ಅನುವಾದಗಳು, ಹೀಗೆ ಆರು ಅಂಕಣಗಳನ್ನು ಪಕ್ಕಪಕ್ಕದಲ್ಲಿ ಬರೆಯಿಸಿದ ಆತನ ಹೆಕ್ಸಾಪ್ಲಾ ಗ್ರಂಥದಲ್ಲಿ, ಸೆಪ್ಟುಅಜಿಂಟ್ ಎಂಬ ಪ್ರಾಚೀನ ಅನುವಾದದಲ್ಲಿದ್ದು ಹೀಬ್ರೂವಿನಲ್ಲಿ ಇಲ್ಲದ ಮಾತಿಗೆ ಅಡ್ಡಗೆರೆಯನ್ನೂ, ಹೀಬ್ರೂವಿನಲ್ಲಿದ್ದು ಆ ಅನುವಾದದಲ್ಲಿ ಲೋಪವಾಗಿದ್ದುದನ್ನು ಇತರ ಅನುವಾದಗಳಿಂದ ತಂದು ತುಂಬಿದ ಮಾತಿಗೆ ನಕ್ಷತ್ರವನ್ನೂ ಆತನು ಇರಿಸಿದನು. ಮಾತು ಎಲ್ಲಿ ಮುಗಿಯಿತೆಂದು ತೋರಿಸಲು ಬೇರೊಂದು ಚಿಹ್ನೆಯೂ ಇದ್ದಿತು.

ಮುಂದೆ ನಡೆದುದು ವಿಷಾದಕರ. ಪ್ರತಿ ಮಾಡಿದ ಅನೇಕ ಲಿಪಿಕಾರರು ಅಕ್ಷರಗಳನ್ನು ಶ್ರದ್ಧೆಯಿಂದ ಬರೆದು ಚಿಹ್ನೆಗಳನ್ನು ಬಿಟ್ಟರು. ನಕ್ಷತ್ರ ಮರೆಯಾದೊಡನೆ, ಒರಿಜನ್ ಹೊರಗಿನಿಂದ ತಂದುದು ಮೂಲ ಅನುವಾದದೊಳಗೆ ಬೇರ್ಪಡಿಸಲಾಗದಂತೆ ಬೆರೆತುಹೋಯಿತು; ಒರಿಜನ್ ಬರೆಯಿಸಿದ ಮೂಲ ಪ್ರತಿಯೂ ನಷ್ಟವಾಯಿತು. ಕ್ರಿ.ಶ. 617ರ ಸುಮಾರಿನಲ್ಲಿ ತೆಲ್ಲಾ ಎಂಬ ಊರಿನ ಬಿಷಪ್ಪನಾದ ಪೌಲನು ಈ ಗ್ರೀಕ್ ಪಾಠವನ್ನು ಸಿರಿಯಾಕ್ ಭಾಷೆಗೆ ಅನುವಾದಿಸುವಾಗ ಚಿಹ್ನೆಗಳನ್ನೂ ಚಾಚೂತಪ್ಪದೆ ಉಳಿಸಿಕೊಂಡದ್ದರಿಂದ, ಗ್ರೀಕಿನಲ್ಲಿ ಕಳೆದುಹೋದ ಎಷ್ಟೋ ನಕ್ಷತ್ರಗಳನ್ನು ಆಧುನಿಕ ವಿದ್ವಾಂಸರು ಆ ಪರಭಾಷೆಯ ಪ್ರತಿಯಿಂದ ಮರಳಿ ಪಡೆಯುವಂತಾಯಿತು.

ಮುದ್ರಣಯುಗದಲ್ಲಿ ನಕ್ಷತ್ರಕ್ಕೆ ಹಲವು ಲೌಕಿಕ ಕೆಲಸಗಳು ಬಂದುವು. ಅಡಿಟಿಪ್ಪಣಿಗಳ ಸಾಲಿನಲ್ಲಿ ಅದಕ್ಕೆ ಮೊದಲ ಸ್ಥಾನ; ಅನಂತರ ಕಠಾರಿ (†), ಇಮ್ಮಡಿ ಕಠಾರಿ (‡). ಜರ್ಮನರ ವಂಶಾವಳಿಗಳಲ್ಲಿ ನಕ್ಷತ್ರವು ಜನನಕ್ಕೆ, ಕಠಾರಿಯು ಮರಣಕ್ಕೆ ಸಂಕೇತ. ನಮ್ಮ ವಿಧಾನಮಂಡಲದಲ್ಲಿ ಚುಕ್ಕೆ ಗುರುತಿನ ಪ್ರಶ್ನೆಯೆಂದರೆ, ಮಂತ್ರಿಗಳು ಸದನದಲ್ಲಿ ಬಾಯಿಮಾತಿನಿಂದಲೇ ಉತ್ತರಿಸಬೇಕಾದ, ಉಪಪ್ರಶ್ನೆಗೆ ಅವಕಾಶವಿರುವ ಪ್ರಶ್ನೆ.

ಭಾಷಾವಿಜ್ಞಾನಿಗಳ ನಕ್ಷತ್ರವಾದರೋ ಅಲೆಕ್ಸಾಂಡ್ರಿಯಾದ ಸಂಪ್ರದಾಯಕ್ಕೆ ಹತ್ತಿರದ್ದು. ಕನ್ನಡದ ಕಿವಿ, ತಮಿಳು ತೆಲುಗುಗಳ ಚೆವಿ, ಇವುಗಳನ್ನು ತೂಗಿನೋಡಿ ಮೂಲದ್ರಾವಿಡದಲ್ಲಿ *ಕೆವಿ ಎಂಬ ರೂಪವಿದ್ದಿರಬೇಕೆಂದು ಅವರು ಬರೆಯುವಾಗ, ಆ ರೂಪವು ಯಾವ ಶಾಸನದಲ್ಲಿಯೂ ಯಾವ ಓಲೆಯಲ್ಲಿಯೂ ದೊರೆತುದಲ್ಲ, ತರ್ಕದಿಂದ ಕಟ್ಟಿದ್ದೆಂಬ ಒಪ್ಪಿಗೆಯನ್ನು ಹಿಂದಿನ ನಕ್ಷತ್ರವು ನುಡಿಯುತ್ತದೆ.

ಕನ್ನಡಿಗರಾದ ನಮಗೆ ಅತ್ಯಂತ ನಿಕಟವಾದುದು ಶಾಸನ ಸಂಪಾದಕರ ನಕ್ಷತ್ರ. ಓಲೆಯಲ್ಲಿ ಬರೆಯುತ್ತಿದ್ದವನು ಅಕ್ಷರ ಬಿಟ್ಟುಹೋದರೆ ಸಾಲಿನ ಮೇಲೆ ಹಂಸಪಾದವನ್ನೋ ಕಾಕಪದವನ್ನೋ ಹಾಕಿ, ಬಿಟ್ಟುದನ್ನು ಅಂಚಿನಲ್ಲಿ ತಾನೇ ಬರೆಯಬಹುದಿತ್ತು. ಕಲ್ಲು ಕೆತ್ತಿದವನ ತಪ್ಪನ್ನು ಸಾವಿರ ವರ್ಷಗಳ ತರುವಾಯ ಓದುವವನು ತುಂಬಬೇಕಾಗುತ್ತದೆ. ಎಪಿಗ್ರಾಫಿಯಾ ಇಂಡಿಕಾ ಸಂಪುಟಗಳಲ್ಲಿ ರೂಢವಾದ ಪದ್ಧತಿಯಂತೆ ‘ದೇ[ವ]ರ್ಗೆ’ ಎಂದು ಅಚ್ಚಾಗಿದ್ದರೆ ವಕಾರವು ಸವೆದಿದೆ, ಆದರೂ ಓದಲು ಬರುತ್ತದೆ ಎಂದರ್ಥ. ‘ದೇ[ವ*]ರ್ಗೆ’ ಎಂದಿದ್ದರೆ ವಕಾರವು ಕಲ್ಲಿನ ಮೇಲೆ ಇಲ್ಲವೇ ಇಲ್ಲ, ಸಂಪಾದಕನು ಸೇರಿಸಿದ್ದು. ಕಂಡದ್ದಕ್ಕೂ ಊಹಿಸಿದ್ದಕ್ಕೂ ನಡುವಣ ಸಮಸ್ತ ವ್ಯತ್ಯಾಸವನ್ನು ಹೊತ್ತು ನಿಂತಿರುವುದು ಆ ಒಂದು ನಕ್ಷತ್ರ.

ಈಚೆಗೆ ಶಾಸನಪಾಠಗಳು ಪುಸ್ತಕದಿಂದ ಗಣಕಕ್ಕೂ, ಅಲ್ಲಿಂದ ಕೈಫೋನುಗಳಿಗೂ ಹರಿಯುತ್ತಿರುವುದು ಸಂತೋಷದ ಸಂಗತಿ. ಆದರೆ ದಾರಿಯಲ್ಲಿ ಆವರಣಗಳು ಉದುರಿ, ನಕ್ಷತ್ರಗಳು ಅಳಿದು, ಪಾಠ ಮಾತ್ರ ನುಣುಪಾಗಿ ಕೈಸೇರುವುದನ್ನು ಕಂಡಾಗ ನನಗೆ ಕಳವಳವಾಗುತ್ತದೆ. ಸಂದೇಶ ಕಳುಹಿಸುವ ಕೆಲವು ತಂತ್ರಾಂಶಗಳಂತೂ ಎರಡು ನಕ್ಷತ್ರಗಳ ನಡುವಣ ಪದವನ್ನು ದಪ್ಪಕ್ಷರವಾಗಿಸಿ ನಕ್ಷತ್ರಗಳನ್ನು ತಾವೇ ನುಂಗಿಬಿಡುತ್ತವೆ. ಹೀಗೆ ಬಂದ ಪಾಠವನ್ನು ನೆಚ್ಚಿ ಯಾರಾದರೂ ಅರಸನ ಹೆಸರನ್ನೋ ಗ್ರಾಮದ ಎಲ್ಲೆಯನ್ನೋ ನಿರ್ಣಯಿಸಲು ಹೊರಟರೆ, ಸಂಪಾದಕನ ಊಹೆಯೇ ಕಲ್ಲಿನ ಸಾಕ್ಷ್ಯವೆಂಬಂತೆ ಚರಿತ್ರೆಯನ್ನು ಸೇರುತ್ತದೆ. ಆದಕಾರಣ ಶಾಸನಗಳನ್ನು ಗಣಕಕ್ಕೆ ಏರಿಸುತ್ತಿರುವ ಉತ್ಸಾಹಿಗಳಲ್ಲಿ ನನ್ನ ವಿಜ್ಞಾಪನೆ ಇಷ್ಟೆ: ಆವರಣವನ್ನೂ ನಕ್ಷತ್ರವನ್ನೂ ಅಕ್ಷರಗಳೆಂದೇ ಎಣಿಸಿ ಕರಡನ್ನು ತಿದ್ದಿರಿ, ಮತ್ತು ಸಾಧ್ಯವಾದ ಕಡೆಗಳಲ್ಲೆಲ್ಲ ಅಚ್ಚಾದ ಪುಟದ ಚಿತ್ರವನ್ನೂ ಪಾಠದ ಜೊತೆಯಲ್ಲಿ ಇರಿಸಿರಿ.