ನೀರಿಗೆ ‘ಆಪ’ ಅಂದವರೆಲ್ಲ ನೆಂಟರೇ?

ನಮ್ಮ ಭಾವ ನಿವೃತ್ತ ಗಣಿತದ ಮೇಷ್ಟ್ರು. ಲೆಕ್ಕದಲ್ಲಿ ಒಂದು ಹಂತ ಹಾರಿಸಿದ ಹುಡುಗನಿಗೆ ಉತ್ತರ ಸರಿಯಿದ್ದರೂ ಸೊನ್ನೆ ಸುತ್ತುತ್ತಿದ್ದವರು. ಮೊಬೈಲಿಗೆ ಬಂದದ್ದಕ್ಕೆ ಮಾತ್ರ ನೂರಕ್ಕೆ ನೂರು. ಮೊನ್ನೆ ಬೆಳಗ್ಗೆ, ಇನ್ನೂ ಕಾಫಿಗೆ ಹಾಲು ಉಕ್ಕಿರಲಿಲ್ಲ, ಅವರಿಂದ ಒಂದು ಸಂದೇಶ: ‘ರೊಮೇನಿಯಾ ದೇಶದವರು ಮೂಲತಃ ನಮ್ಮವರು. ಸಾವಿರ ವರ್ಷದ ಹಿಂದೆ ಭಾರತದಿಂದ ಹೋದವರು. ಅವರ ಭಾಷೆ ಸಂಸ್ಕೃತದ ಮಗಳು. ಪುರಾವೆ ಕೆಳಗಿದೆ.’ ಕೆಳಗೆ ಪಟ್ಟಿ. ಎರಡಕ್ಕೆ ಅಲ್ಲಿ ದೊಯ್, ಇಲ್ಲಿ ದ್ವಿ. ಮೂರಕ್ಕೆ ತ್ರೇಯ್, ತ್ರಿ. ಏಳಕ್ಕೆ ಶಾಪ್ತೆ, ಸಪ್ತ. ನೀರಿಗೆ ಆಪ, ನಮ್ಮ ಮಂತ್ರದ ಆಪಃ. ಮತ್ತೆ ಅದೇ ನೀರಿಗೆ ಪಾನಿ, ಮೂಗಿಗೆ ನಖ್, ಕಪ್ಪಿಗೆ ಕಾಲೋ. ಕೊನೆಯಲ್ಲಿ ಕೈಮುಗಿದ ಚಿತ್ರ ಮೂರು.

‘ನಿನಗೆ ಭಾಷೆಯ ಹುಚ್ಚಲ್ವಾ, ಅದಕ್ಕೇ ಕಳಿಸ್ದೆ’ ಅಂತ ಫೋನೂ ಮಾಡಿದರು.

ಈ ಪಟ್ಟಿ ನನಗೆ ಹೊಸದಲ್ಲ. 2022ರ ಫೆಬ್ರುವರಿ ಕೊನೆಯಲ್ಲಿ ಉಕ್ರೇನಿನ ಯುದ್ಧಕ್ಕೆ ಸಿಕ್ಕಿದ ನಮ್ಮ ವೈದ್ಯಕೀಯ ವಿದ್ಯಾರ್ಥಿಗಳು ಸಿರೆತ್ ಗಡಿ ದಾಟಿ ಬುಕಾರೆಸ್ಟಿಗೆ ಬಂದು ವಿಮಾನ ಹತ್ತಿದರಲ್ಲ, ಆಗಲೂ ಬಂದಿತ್ತು. ಚಳಿಯಲ್ಲಿ ನಡುಗುತ್ತಿದ್ದ ಮಕ್ಕಳಿಗೆ ಬಿಸಿ ಊಟ ಕೊಟ್ಟವರು ಬರೀ ಒಳ್ಳೆಯ ಜನ ಎಂದರೆ ನಮಗೆ ಸಾಲದು, ರಕ್ತಸಂಬಂಧಿಗಳೂ ಆಗಬೇಕು.

ಭಾವನವರ ಪಟ್ಟಿಯನ್ನು ಅವರದೇ ಕೆಂಪು ಪೆನ್ನಿನಿಂದ ನೋಡೋಣ. ಮೊದಲನೆಯ ತಪ್ಪು ಎಷ್ಟು ದೊಡ್ಡದೆಂದರೆ ಯಾರ ಕಣ್ಣಿಗೂ ಬೀಳುವುದಿಲ್ಲ. ಅದು ಒಂದು ಭಾಷೆಯ ಪಟ್ಟಿಯೇ ಅಲ್ಲ, ಎರಡು ಭಾಷೆಗಳನ್ನು ಕಲಸಿದ್ದು. ನೀರಿಗೆ ಆಪ ಎನ್ನುವವರು ರೊಮೇನಿಯನ್ ಆಡುವವರು. ಪಾನಿ ಎನ್ನುವವರು ರೊಮಾನಿ ಆಡುವವರು, ಅಂದರೆ ರೋಮಾ ಜನ, ಹಿಂದೆ ಜಿಪ್ಸಿಗಳೆಂದು ಕರೆಸಿಕೊಂಡವರು. ಕನ್ನಡದಲ್ಲಿ ಬರೆದರೆ ಎರಡು ಹೆಸರಿಗೂ ಒಂದೆರಡು ಅಕ್ಷರದ ಅಂತರ. ಒಂದರ ಬೇರಿಗೂ ಇನ್ನೊಂದರ ಬೇರಿಗೂ ಕೊಡುಕೊಳ್ಳುವಿಕೆಯೇ ಇಲ್ಲ. ರೊಮೇನಿಯನ್ನರು ತಮ್ಮನ್ನು ಕರೆದುಕೊಳ್ಳುವ ಹೆಸರು ಲ್ಯಾಟಿನ್ನಿನ ‘ರೋಮಾನುಸ್’ನಿಂದ, ಅಂದರೆ ರೋಮಿನವನು ಎಂಬುದರಿಂದ ಬಂದದ್ದು. ಸಮ್ರಾಟ ಟ್ರಾಜನ್ 106ರಲ್ಲಿ ಡೇಸಿಯಾವನ್ನು, ಅಂದರೆ ಇಂದಿನ ರೊಮೇನಿಯಾದ ನೆಲವನ್ನು, ಗೆದ್ದು ಅಲ್ಲಿ ಲ್ಯಾಟಿನ್ ಮಾತಾಡುವ ಸೈನಿಕರನ್ನೂ ವಲಸಿಗರನ್ನೂ ತುಂಬಿದ. ಸುಮಾರು 170 ವರ್ಷಕ್ಕೆ ಸಾಮ್ರಾಜ್ಯ ಹಿಂದೆ ಸರಿಯಿತು, ನುಡಿ ಮಾತ್ರ ಉಳಿಯಿತು. ರೋಮಾ ಜನರ ‘ರೋಮ್’ ಎಂದರೆ ಅವರ ಭಾಷೆಯಲ್ಲಿ ಗಂಡಸು, ಗಂಡ. ಅದು ನಮ್ಮ ಕಡೆಯ ‘ಡೋಮ’ ಎಂಬ ಹೆಸರಿನಿಂದ ಹೊರಟದ್ದೆಂದು ಭಾಷಾವಿದ್ವಾಂಸರು ಹೇಳುತ್ತಾರೆ. ಮೈಸೂರು ಪಾಕಿಗೂ ಪಾಕಿಸ್ತಾನಕ್ಕೂ ಇರುವಷ್ಟೇ ಸಂಬಂಧ.

ಇನ್ನು ಆಪ ಮತ್ತು ಆಪಃ. ಇದನ್ನು ಕಂಡಾಗಲೇ ಭಾವನವರ ರೋಮಗಳು ನಿಂತದ್ದಂತೆ. ಒಪ್ಪುತ್ತೇನೆ, ಜೋಡಿ ಸೊಗಸಾಗಿದೆ. ಆದರೆ ಒಂದು ಪದದ ಮುಖ ನೋಡಿ ಮದುವೆ ನಿಶ್ಚಯ ಮಾಡಬಾರದು, ಅದರ ಅಣ್ಣತಮ್ಮಂದಿರನ್ನೂ ವಿಚಾರಿಸಬೇಕು. ಲ್ಯಾಟಿನ್ನಿನಲ್ಲಿ ನೀರು ‘ಆಕ್ವಾ’, ನಾಲ್ಕು ‘ಕ್ವಾತ್ತುವೋರ್’, ಹೆಣ್ಣುಕುದುರೆ ‘ಏಕ್ವಾ’. ರೊಮೇನಿಯನ್ನಿನಲ್ಲಿ ಇವು ಮೂರೂ ಏನಾದವು? ಆಪ, ಪಾತ್ರು, ಯಾಪ. ಮೂರು ಕಡೆಯೂ ‘ಕ್ವ’ ಇದ್ದ ಜಾಗದಲ್ಲಿ ‘ಪ’ ಬಂದು ಕೂತಿದೆ. ನಾಲಗೆಗೆ ‘ಲಿಂಗ್ವಾ’ ಇದ್ದದ್ದು ‘ಲಿಂಬ’ ಆಗಿದೆ. ಅಲ್ಲಿ ‘ಗ್ವ’ ಹೋಗಿ ‘ಬ’. ಅಂದರೆ ‘ಆಪ’ದ ಪಕಾರ ಹುಟ್ಟಿದ್ದೇ ಲ್ಯಾಟಿನ್ ರೊಮೇನಿಯನ್ ಆಗುವ ಹಾದಿಯಲ್ಲಿ. ಸಂಸ್ಕೃತದ ಆಪಃ ಅದಕ್ಕೂ ಸಾವಿರಾರು ವರ್ಷ ಮೊದಲೇ ಪಕಾರ ಇಟ್ಟುಕೊಂಡಿತ್ತು, ಅದು ಬೇರೆಯೇ ಧಾತು. ಇಬ್ಬರೂ ಒಂದೇ ಬಣ್ಣದ ಅಂಗಿ ಹಾಕಿಕೊಂಡು ಒಂದೇ ಬಸ್ಸು ಹತ್ತಿದ್ದಾರೆ, ಅಷ್ಟೆ.

ಇದನ್ನು ಅರ್ಥ ಮಾಡಿಕೊಳ್ಳಲು ಕನ್ನಡಿಗರಿಗೆ ಲ್ಯಾಟಿನ್ ಬೇಕಾಗಿಲ್ಲ. ಹಳಗನ್ನಡದ ಪಾಲು ಹಾಲಾಯಿತು, ಪುಲಿ ಹುಲಿಯಾಯಿತು, ಪಲ್ ಹಲ್ಲಾಯಿತು, ಪೂ ಹೂವಾಯಿತು. ಸಾಲಾಗಿ, ಶಿಸ್ತಾಗಿ. ತಮಿಳು ಇನ್ನೂ ಆ ಪಕಾರವನ್ನು ಕಾಪಾಡಿಕೊಂಡಿದೆ. ಕನ್ನಡ ತಮಿಳು ಒಡಹುಟ್ಟು ಎನ್ನಲು ನಮಗೆ ಧೈರ್ಯ ಬರುವುದು ಈ ಸಾಲಿನಿಂದ. ಯಾವುದೋ ಎರಡು ಪದ ಕಿವಿಗೆ ಒಂದೇ ಥರ ಕೇಳಿಸಿದ್ದರಿಂದ ಅಲ್ಲ. ಬರೀ ಕಿವಿಯನ್ನು ನಂಬಿದ್ದರೆ ಹಾಲಿಗೂ ಪಾಲಿಗೂ ನಂಟೇ ಇಲ್ಲ ಅನ್ನಬೇಕಿತ್ತು. ಎಂಟನೇ ತರಗತಿಯ ವ್ಯಾಕರಣ ಪುಸ್ತಕದಲ್ಲಿದ್ದ ಈ ಪಾಠ ಮೊಬೈಲು ಕೈಗೆ ಬಂದೊಡನೆ ಎಲ್ಲಿ ಹೋಗುತ್ತದೋ.

ದೊಯ್, ತ್ರೇಯ್, ಶಾಪ್ತೆಯ ಕಥೆ ಬೇರೆ. ಅವು ನಿಜಕ್ಕೂ ಸಂಬಂಧಿಗಳೇ. ಆದರೆ ಮಗಳಲ್ಲ, ದೂರದ ದಾಯಾದಿ: ಸಂಸ್ಕೃತವೂ ಲ್ಯಾಟಿನ್ನೂ ಒಂದೇ ಮುತ್ತಜ್ಜಿಯ ಬೇರೆ ಬೇರೆ ಸಂತಾನ. ಆ ಲೆಕ್ಕಕ್ಕೆ ಇಂಗ್ಲಿಷಿನ ಟೂ, ತ್ರೀ ಕೂಡ ಅದೇ ಮನೆತನ. ಇಂಗ್ಲಿಷರು ಮೂಲತಃ ನಮ್ಮವರು ಎಂಬ ಸಂದೇಶ ಯಾಕೋ ಇನ್ನೂ ಬಂದಿಲ್ಲ.

ನಿಜವಾಗಿ ನೆಂಟಸ್ತನ ಹುಡುಕುವ ಚಪಲವಿದ್ದರೆ ಭಾವನವರಿಗೆ ಇನ್ನೂ ಒಳ್ಳೆಯ ಪಟ್ಟಿಯನ್ನು ನಾನೇ ಕೊಡುತ್ತೇನೆ. ರೊಮೇನಿಯನ್ನಿನಲ್ಲಿ ಮೂಟೆ ಹೊರುವವನು ‘ಹಮಾಲ್’. ನಮ್ಮ ಎಪಿಎಂಸಿ ಯಾರ್ಡಿನ ಹಮಾಲನೇ. ಖಾಲಿ ಬಿದ್ದ ನಿವೇಶನ ‘ಮೈದಾನ್’. ಊರಂಚಿನ ಬಡಕೇರಿ ‘ಮಹಲಾ’, ಅಂದರೆ ನಮ್ಮ ಮೊಹಲ್ಲಾ. ಕೈಬಿಸಿ ಮಾಡುವ ಕಾಸು ‘ಬಕ್ಷೀಶ್’, ಶತ್ರು ‘ದುಶ್ಮಾನ್’, ಮನೆಗೆ ಬಂದ ಅತಿಥಿ ‘ಮುಸಾಫಿರ್’. ಹುಬ್ಬಳ್ಳಿಯವರು ಬುಕಾರೆಸ್ಟಿನಲ್ಲಿ ಇಳಿದರೆ ಅರ್ಧ ಸಂಸಾರ ನಡೆಸಬಹುದು! ಕಾರಣ ಸರಳ. ಶತಮಾನಗಟ್ಟಲೆ ಆಟೊಮನ್ ತುರ್ಕರಿಗೆ ಕಪ್ಪ ಕೊಟ್ಟ ಸೀಮೆ ಅದು; ಅರಬ್ಬಿ, ಪಾರ್ಸಿ ಪದಗಳು ತುರ್ಕಿಯ ಬೆನ್ನೇರಿ ಅಲ್ಲಿಗೆ ಹೋದವು, ಸುಲ್ತಾನರ, ಪೇಶ್ವೆಗಳ ಕಚೇರಿ ಹಾದು ನಮ್ಮಲ್ಲಿಗೆ ಬಂದವು. ಪದಪಟ್ಟಿಯೇ ಪುರಾವೆಯಾದರೆ ಕನ್ನಡ, ರೊಮೇನಿಯನ್ ಎರಡೂ ಅವಳಿ ಮಕ್ಕಳು.

ಹಾಗಾದರೆ ಸಂದೇಶದಲ್ಲಿ ಒಂದಾದರೂ ನಿಜವಿಲ್ಲವೇ? ಇದೆ. ಭಾರತದಿಂದ ಹೊರಟವರು ರೋಮಾ ಜನ, ಮತ್ತು ಅವರ ರೊಮಾನಿ ಭಾಷೆ ಹಿಂದಿ, ಮರಾಠಿ, ಪಂಜಾಬಿಗಳ ಕುಲದ್ದೇ. ಇದು ಗೊತ್ತಾದದ್ದು ಈಚೆಗೂ ಅಲ್ಲ. 1780ರ ದಶಕದಲ್ಲೇ ಜರ್ಮನ್ ವಿದ್ವಾಂಸ ರ‍್ಯೂಡಿಗರ್ ವ್ಯಾಕರಣ ಹೋಲಿಸಿ ತೋರಿಸಿದ್ದ. ಅವರ ಎಣಿಕೆ ಕೇಳಿ: ಯೇಖ್, ದುಯ್, ತ್ರಿನ್, ಶ್ತಾರ್, ಪಾಂಜ್, ಶೋವ್. ಇಲ್ಲಿಯವರೆಗೆ ಮನೆಯದೇ ದನಿ. ಆಮೇಲೆ ಎಫ್ತಾ, ಓಖ್ತೋ, ಎನ್ಯಾ. ಏಳು, ಎಂಟು, ಒಂಬತ್ತು ಅಪ್ಪಟ ಗ್ರೀಕ್. ಹತ್ತಕ್ಕೆ ಮತ್ತೆ ದೆಶ್ ಎಂದು ಮನೆಗೆ ವಾಪಸು. ದಾರಿಗೆ ಅವರು ಹೇಳುವ ‘ದ್ರೋಮ್’ ಗ್ರೀಕರದು, ಕುದುರೆಗೆ ಹೇಳುವ ‘ಗ್ರಸ್ತ್’ ಆರ್ಮೇನಿಯದ್ದು. ಯಾರೂ ದಾಖಲಿಸದ ಒಂದು ದೊಡ್ಡ ನಡಿಗೆಯ ದಿನಚರಿಯನ್ನು ಅವರ ನಿಘಂಟೇ ಬರೆದಿಟ್ಟುಕೊಂಡಿದೆ. ಭಾವನವರ ಪಟ್ಟಿಯಲ್ಲಿ ಎಫ್ತಾ ಇರಲಿಲ್ಲ. ಇರುತ್ತದೆಯೇ? ಅದು ಹಾಕಿದರೆ ಕಥೆ ಕೆಡುತ್ತದೆ. ಅದಕ್ಕೇ ರೊಮಾನಿಯ ಪಾನಿಯನ್ನು ಇಟ್ಟುಕೊಂಡು, ಏಳಕ್ಕೆ ಮಾತ್ರ ಪಕ್ಕದ ಮನೆಯ ಶಾಪ್ತೆಯನ್ನು ಕಡ ತಂದಿದ್ದಾರೆ.

ರೋಮಾ, ರೊಮೇನಿಯನ್ ಎಂಬ ಈ ಎರಡು ಹೆಸರಿನ ಗೊಂದಲ ನಮಗೆ ತಮಾಷೆ, ಅಲ್ಲಿ ತಮಾಷೆಯಲ್ಲ. 1385ರ ಒಂದು ದಾನಪತ್ರದಲ್ಲಿ, ಇಂದು ರೊಮೇನಿಯಾದ ಭಾಗವಾಗಿರುವ ವಲ್ಲಾಖಿಯಾದ ದೊರೆ ತಿಸ್ಮಾನಾ ಮಠಕ್ಕೆ 40 ರೋಮಾ ಕುಟುಂಬಗಳನ್ನು ಬರೆದುಕೊಟ್ಟದ್ದಿದೆ, ಹೊಲ ಗದ್ದೆ ಬರೆದುಕೊಟ್ಟ ಹಾಗೆ. ಅಲ್ಲಿಂದ ಮುಂದೆ ನಾಲ್ಕೂವರೆ ಶತಮಾನ ದೊರೆ, ಮಠ, ಜಮೀನ್ದಾರ ಮೂವರೂ ಅವರನ್ನು ಗುಲಾಮರಾಗಿ ಇಟ್ಟುಕೊಂಡರು, ಮಾರಿದರು. ನೆರೆಯ ಸಂಸ್ಥಾನ ಮೊಲ್ಡಾವಿಯಾ 1855ರಲ್ಲಿ, ವಲ್ಲಾಖಿಯಾ 1856ರಲ್ಲಿ ಕೊನೆಯ ಗುಲಾಮರನ್ನು ಬಿಟ್ಟವು; ಒಟ್ಟು ಬಿಡುಗಡೆಯಾದವರು ಸುಮಾರು 2.5 ಲಕ್ಷ ಜನ. ಹಳೆಯ ದಾಖಲೆಗಳ ‘ತ್ಸಿಗಾನ್’ ಎಂಬ ಜಾತಿಸೂಚಕ ಪದಕ್ಕೆ ಗುಲಾಮ ಎಂದೇ ಅರ್ಥವಿತ್ತು. 1942ರಲ್ಲಿ ಅಂತೊನೆಸ್ಕು ಸರ್ಕಾರ ಸುಮಾರು 25,000 ರೋಮಾ ಜನರನ್ನು ಆಗ ತನ್ನ ಹಿಡಿತದಲ್ಲಿದ್ದ ಟ್ರಾನ್ಸ್‌ನಿಸ್ಟ್ರಿಯಾಕ್ಕೆ ಗಡೀಪಾರು ಮಾಡಿತು. ಸಾವಿರಾರು ಜನ ಅಲ್ಲೇ ಹಸಿವು, ಚಳಿ, ಜ್ವರಕ್ಕೆ ಸತ್ತರು. ಈ ಇತಿಹಾಸ ಇಟ್ಟುಕೊಂಡೂ 2010ರಲ್ಲಿ ಒಬ್ಬ ಸಂಸದರಿಗೆ ಹೊಳೆದ ಉಪಾಯವೆಂದರೆ, ಹೊರದೇಶದವರು ರೋಮಾ ಮತ್ತು ರೊಮೇನಿಯನ್ ನಡುವೆ ಗಲಿಬಿಲಿಗೊಳ್ಳುತ್ತಾರೆ, ಆದ್ದರಿಂದ ರೋಮಾ ಜನರಿಗೆ ‘ತ್ಸಿಗಾನ್’ ಎಂಬ ಆ ಹಳೆಯ ಪದವನ್ನೇ ಅಧಿಕೃತ ಮಾಡೋಣ ಎಂಬುದು. ಮರುವರ್ಷ ಸೆನೆಟ್ ಅದನ್ನು ತಳ್ಳಿಹಾಕಿತು. ಗೊಂದಲ ಬೇಡವೆಂದು ಕೆಲವರು ಮೊದಲಿಗೇ ಎರಡು ರೇಫೆ ಇಟ್ಟು ‘ರ್‍ರೋಮ್’ ಎಂದು ಬರೆಯುವುದೂ ಉಂಟು. ಒಂಟಿ ರೇಫೆಯ ‘ರೋಮ್’ ಎಂದರೆ ರೊಮೇನಿಯನ್ನಿನಲ್ಲಿ ಕುಡಿಯುವ ರಮ್ ಕೂಡ ಹೌದು.

2021ರ ಜನಗಣತಿಯಲ್ಲಿ ದೇಶದ 1.9 ಕೋಟಿ ಜನರ ಪೈಕಿ ರೋಮಾ ಎಂದು ಬರೆಸಿದವರು ಸುಮಾರು 5.7 ಲಕ್ಷ. ಯುರೋಪ್ ಮಂಡಳಿಯ ಅಂದಾಜು 18.5 ಲಕ್ಷ. ನಡುವಿನವರು ಎಲ್ಲಿ ಹೋದರು? ಎಲ್ಲೂ ಹೋಗಿಲ್ಲ, ಗಣತಿಯವನ ಮುಂದೆ ಹೇಳಿಕೊಳ್ಳಲಿಲ್ಲ. ರೊಮಾನಿ ನನ್ನ ಮಾತೃಭಾಷೆ ಎಂದವರು ಎರಡು ಲಕ್ಷದ ಆಸುಪಾಸು. ‘ಅಲ್ಲಿ ಎಲ್ಲರೂ ನಮ್ಮವರು’ ಎಂದು ಇಲ್ಲಿಂದ ಕೈಮುಗಿಯುವವರಿಗೆ ಅಲ್ಲಿ ನಮ್ಮವರಾಗಿರುವುದು ಎಷ್ಟು ದುಬಾರಿ ಎಂಬುದು ಗೊತ್ತಿಲ್ಲ.

ಅಂದಹಾಗೆ, ರೋಮಾ ಎಂದರೆ ನಮ್ಮ ಲಂಬಾಣಿಗಳೇ ಎಂಬ ಇನ್ನೊಂದು ಸಂದೇಶವೂ ಇದೆ. ಲಂಗದ ಬಣ್ಣ ನೋಡಿ ಮಾಡಿದ ಸಂಶೋಧನೆ. ಲಂಬಾಣಿ ರಾಜಸ್ಥಾನಿಯ ಬಳಗದ ಭಾಷೆ. ರೊಮಾನಿಯ ಬೇರು ಮಧ್ಯದೇಶದಲ್ಲಿ, ಆಮೇಲೆ ವಾಯವ್ಯದಲ್ಲಿ ದೀರ್ಘ ತಂಗುದಾಣ. ಭಾಷಾವಿದ್ವಾಂಸ ಟರ್ನರ್ 1926ರಲ್ಲೇ ಇದನ್ನು ವಿವರಿಸಿದ. ತಮ್ಮ ಊರಿನ ತಾಂಡಾದ ಮಗು ಶಾಲೆಯಲ್ಲಿ ಯಾವ ಭಾಷೆಗೆ ತಡವರಿಸುತ್ತದೆ ಎಂದು ಒಮ್ಮೆಯೂ ಕೇಳದವರು ಕಾರ್ಪೇಥಿಯನ್ ಬೆಟ್ಟದಲ್ಲಿ ಲಂಬಾಣಿಗಳನ್ನು ಹುಡುಕುತ್ತಾರೆ.

ರೊಮೇನಿಯಾ ಬಗೆಗಿನ ಉಳಿದ ತಪ್ಪು ನಂಬಿಕೆಗಳನ್ನು ಬೇಗ ಮುಗಿಸುತ್ತೇನೆ. ರೊಮೇನಿಯನ್ ರಷ್ಯನ್ನಿನ ಹತ್ತಿರದ ಬಂಧು ಎಂಬುದು ಸುಳ್ಳು. ಹೌದು ಎನ್ನಲು ‘ದಾ’, ಗೆಳೆಯನಿಗೆ ‘ಪ್ರಿಯೆತೆನ್’ ಮುಂತಾದವು ಸ್ಲಾವಿಕ್ ಸಾಲ ನಿಜ, 1860ರ ದಶಕದ ತನಕ ಲಿಪಿಯೂ ಸಿರಿಲಿಕ್ ಇತ್ತು, ಆದರೆ ಲಿಪಿ ಅಂಗಿ ಮಾತ್ರ, ಮೈಯಲ್ಲ. ಮೊಲ್ದೊವನ್ ಎಂಬುದು ಬೇರೆ ಭಾಷೆಯೆಂದು ಸೋವಿಯತ್ ಕಾಲದಲ್ಲಿ ಪಾಠ ಹೇಳಿಸಿದರು. ಮೊಲ್ದೊವಾದ ಸಂಸತ್ತೇ 2023ರಲ್ಲಿ ಕಾನೂನುಗಳಲ್ಲೆಲ್ಲ ಅದನ್ನು ರೊಮೇನಿಯನ್ ಎಂದು ತಿದ್ದಿತು. ಡ್ರಾಕುಲಾ ಬಗ್ಗೆ ನನ್ನನ್ನು ಕೇಳಬೇಡಿ.

ರೊಮೇನಿಯಾದಲ್ಲಿ ಎಲ್ಲರದೂ ಒಂದೇ ಭಾಷೆ ಎಂಬುದಕ್ಕೆ ಮಾತ್ರ ನಾಲ್ಕು ಸಾಲು ಬೇಕು. ಹಂಗೇರಿಯನ್ನರೇ ಸುಮಾರು ಹತ್ತು ಲಕ್ಷ. ಹರ್ಗೀತಾ, ಕೊವಾಸ್ನಾ ಜಿಲ್ಲೆಗಳಲ್ಲಿ ಅವರದೇ ಬಹುಮತ. ಟ್ರಾನ್ಸಿಲ್ವೇನಿಯಾದಲ್ಲಿ 12ನೇ ಶತಮಾನದಿಂದ ಬೇರುಬಿಟ್ಟ ಜರ್ಮನ್ನರು, ದೊಬ್ರುಜಾದಲ್ಲಿ ತುರ್ಕರು, ತಾತಾರರು, ಡ್ಯಾನ್ಯೂಬ್ ಮುಖಜದಲ್ಲಿ ರಷ್ಯನ್ ಆಡುವ ಲಿಪೊವನ್ನರು. 2009ರಲ್ಲಿ ನೊಬೆಲ್ ಪಡೆದ ಹೆರ್ತಾ ಮ್ಯೂಲರ್ ಹುಟ್ಟಿದ್ದು ರೊಮೇನಿಯಾದ ಬನಾತ್ ಸೀಮೆಯಲ್ಲಿ, ಬರೆದದ್ದು ಜರ್ಮನ್ನಿನಲ್ಲಿ. ಕ್ಲೂಜ್ ಪಟ್ಟಣಕ್ಕೆ ಹಂಗೇರಿಯನ್ನರು ಕೊಲೊಜ್‌ವಾರ್ ಎನ್ನುತ್ತಾರೆ, ಜರ್ಮನ್ನರು ಕ್ಲೌಸೆನ್‌ಬುರ್ಗ್. 1992ರಿಂದ 2004ರ ತನಕ ಅಲ್ಲಿ ಮೇಯರಾಗಿದ್ದ ಫುನಾರ್ ಎಂಬ ಮಹಾಶಯರು ಇದು ಯಾರ ಊರೆಂದು ಯಾರಿಗೂ ಅನುಮಾನ ಬರದಿರಲೆಂದು ಉದ್ಯಾನದ ಬೆಂಚು, ಕಸದ ಡಬ್ಬಿಗೆಲ್ಲ ರಾಷ್ಟ್ರಧ್ವಜದ ಕೆಂಪು, ಹಳದಿ, ನೀಲಿ ಬಳಿಸಿದರು. ಅಲ್ಪಸಂಖ್ಯಾತರು ಶೇ. 20 ದಾಟಿದ ಊರಲ್ಲಿ ಅವರ ಭಾಷೆಯ ಫಲಕವೂ ಇರಬೇಕೆಂದು 2001ರಲ್ಲಿ ಕಾನೂನು ಬಂತು. ಕ್ಲೂಜಿನ ಹಂಗೇರಿಯನ್ನರು ಮರುವರ್ಷದ ಗಣತಿಯಲ್ಲಿ ಸುಮಾರು ಶೇ. 19ಕ್ಕೆ ನಿಂತರು. ಫಲಕದ ಜಗಳವೆಂದರೆ ಏನೆಂದು ಬೆಳಗಾವಿಯನ್ನು ಕಂಡ ನಮಗೆ ಯಾರೂ ಹೇಳಿಕೊಡಬೇಕಿಲ್ಲ.

ಇಷ್ಟನ್ನೂ ಭಾವನವರಿಗೆ ಫೋನಿನಲ್ಲೇ ಹೇಳಿದೆ. ಅವರು ಸೋಲೊಪ್ಪುವ ಪೈಕಿಯಲ್ಲ. ‘ಆಗ್ಲಿ ಬಿಡು, ಒಂದು ಒಳ್ಳೇ ನಂಬಿಕೆ, ಯಾರಿಗೇನು ನಷ್ಟ?’ ಎಂದರು. ಆಗ ನನಗೆ ನೆನಪಾದದ್ದು ಅಲ್ಲಿಯ ಡೇಸಿಯಾ ಭಕ್ತರು. ಲ್ಯಾಟಿನ್ ತಮ್ಮ ಭಾಷೆಯ ತಾಯಿ ಎಂಬುದು ಅವರಿಗೆ ಅವಮಾನ. 1913ರಲ್ಲಿ, ಲೇಖಕ ದೆನ್ಸುಶಿಯಾನು ತೀರಿಕೊಂಡ ಮೇಲೆ, ‘ಡೇಸಿಯಾ ಪ್ರೀಇಸ್ತೋರಿಕಾ’ ಎಂಬ ಸಾವಿರ ಪುಟ ಮೀರಿದ ಗ್ರಂಥ ಅಚ್ಚಾಯಿತು. ಪ್ರಾಚೀನ ನಾಗರಿಕತೆಯ ತವರೇ ಡೇಸಿಯಾ ಎಂದು ಅದರ ವಾದ. ಸರ್ವಾಧಿಕಾರಿ ಚೌಶೆಸ್ಕು 1980ರಲ್ಲಿ ಡೇಸಿಯಾದ ದೊರೆ ಬುರೆಬಿಸ್ತಾನ ರಾಜ್ಯಕ್ಕೆ 2050 ವರ್ಷವೆಂದು ದೇಶವಿಡೀ ಹಬ್ಬ ಮಾಡಿಸಿದ. ಇವತ್ತಿಗೂ ಅಲ್ಲಿಯ ಮೊಬೈಲುಗಳಲ್ಲಿ ಈ ಸರಕು ಓಡಾಡುತ್ತಲೇ ಇದೆ.

‘ಭಾವ, ಅಲ್ಲಿ ಕೆಲವರು ಹೇಳ್ತಾರೆ, ಲ್ಯಾಟಿನ್ನೇ ತಮ್ಮ ಭಾಷೆಯಿಂದ ಹುಟ್ಟಿದ್ದಂತೆ. ಜಗತ್ತಿಗೆ ನಾಗರಿಕತೆ ಹಂಚಿದ್ದು ಅವರ ಬೆಟ್ಟಗಳಂತೆ.’

ಆ ಕಡೆ ಮೇಷ್ಟ್ರು ಎದ್ದು ಕೂತದ್ದು ನನಗೆ ಇಲ್ಲಿಂದಲೇ ಗೊತ್ತಾಯಿತು. ‘ಎಂಥಾ ಮೂರ್ಖರು! ಬಾಯಿಗೆ ಬಂದದ್ದು ಹೇಳೋದಾ? ಏನಾದ್ರೂ ಪುರಾವೆ ಬೇಡ್ವಾ?’

‘ಇದೆಯಂತೆ ಭಾವ,’ ಎಂದೆ. ‘ಒಂದು ಪಟ್ಟಿ.’